ಮೀನಖಂಡ ಹಿಡಿದುಕೊಂಡಿತ್ತು

ಫೆಬ್ರವರಿ ೧೫, ೧೯೮೧, ಭಾನುವಾರ

ಈ ಡೈರಿಯನ್ನು ಕ್ರಿಸ್‌ಮಸ್‌ಗೆ ಕ್ಲಬ್ಬಿನವರು ಎಲ್ಲ ಆಟಗಾರರಿಗೂ ಕೊಟ್ಟಿದ್ದರು. ಇವತ್ತಿನವರೆಗೆ ತೆರೆದಿರಲಿಲ್ಲ. ಬೆಳಿಗ್ಗೆ ಮ್ಯಾನೇಜರ್ ಟೆಂಪೆಸ್ಟ್ ಫೋನ್ ಮಾಡಿ, "ನಡೆದಿದ್ದನ್ನ ಒಂದು ಕಡೆ ಬರೆದಿಡು ಲಾಸ್, ಆಮೇಲೆ ಬೇಕಾಗುತ್ತೆ. ಯಾರಿಗೂ ತೋರಿಸಬೇಡ" ಎಂದರು. ಅದಕ್ಕೆ ಬರೆಯುತ್ತಿದ್ದೇನೆ.

ನಿನ್ನೆ ನಮ್ಮ ಥಾರ್ನ್‌ಬೆಕ್ ಮೈದಾನದಲ್ಲೇ ಪಂದ್ಯ. ಒಂದು–ಒಂದು ಸಮವಾಗಿತ್ತು. ಅರವತ್ತೆಂಟನೇ ನಿಮಿಷದಲ್ಲಿ ಚೆಂಡು ಎಡಗಡೆಯ ಗೆರೆ ದಾಟಿತು. ಎಸೆತ ನಮ್ಮದು. ಎಡಬದಿಯ ಡಿಫೆಂಡರ್ ನಾನೇ ಆದ್ದರಿಂದ ಎಸೆಯಲು ಹೋದೆ. ಚೆಂಡು ಎತ್ತಿಕೊಂಡೆ. ಕೆಳಗಿಟ್ಟೆ. ಅದರ ಪಕ್ಕ ಕೂತೆ.

ಹನ್ನೊಂದು ನಿಮಿಷ ಕೂತಿದ್ದೆನಂತೆ. ನನಗೆ ಎರಡು ನಿಮಿಷ ಅನ್ನಿಸಿತ್ತು. ರೆಫರಿ ಬಗ್ಗಿ ಏನೋ ಹೇಳಿದರು, ಆಮೇಲೆ ಹೊರಗೆ ಹೋಗು ಎಂದು ಬೆರಳು ತೋರಿಸಿದರು. ಏಳಲಿಲ್ಲ. ಕೊನೆಗೆ ಗೋಲ್‌ಕೀಪರ್ ಕೆನ್ ಹ್ಯಾರಪ್ ಆ ತುದಿಯಿಂದ ನಡೆದು ಬಂದು ಕಂಕುಳಿಗೆ ಕೈಹಾಕಿ ಎಬ್ಬಿಸಿದ. ಜನ ಕೂಗುತ್ತಿದ್ದರು, ಎಂದಿನಂತೆ. ನೆಲ ಒದ್ದೆ. ಚಡ್ಡಿಯೆಲ್ಲ ನೆನೆದಿತ್ತು. ಚಳಿ ಅನ್ನಿಸಲಿಲ್ಲ.

ನಿನ್ನೆ ಅಪ್ಪ ಪಂದ್ಯಕ್ಕೆ ಬಂದಿದ್ದ. ನಾನು ಈ ಕ್ಲಬ್ಬಿಗೆ ಸೇರಿ ಐದು ವರ್ಷ. ಅಪ್ಪ ಬಂದದ್ದು ಇದೇ ಮೊದಲು. ಅರವತ್ತು ತುಂಬಿತೆಂದು ಅಮ್ಮ ಟಿಕೆಟ್ ತೆಗೆಸಿ ಕಳಿಸಿದ್ದಳು. ಸಂಜೆ ಮನೆಯಲ್ಲಿ ಶನಿವಾರದ ಸೂಪು ಇತ್ತು. ಅಪ್ಪ ತಿಂದ. ನಾನೂ ತಿಂದೆ.

ಇಷ್ಟೇ ನಡೆದದ್ದು.

ಫೆಬ್ರವರಿ ೧೭, ಮಂಗಳವಾರ

ಫುಟ್‌ಬಾಲ್ ಸಂಘದಿಂದ ಕಾಗದ ಬಂದಿದೆ. ಆಟದ ಮಾನ ಕಳೆದದ್ದಕ್ಕೆ ಮಾರ್ಚ್ ಹತ್ತರಂದು ವಿಚಾರಣೆ. ಅಲ್ಲಿಯವರೆಗೆ ಆಡುವಂತಿಲ್ಲ.

ಟೆಂಪೆಸ್ಟ್ ಕೋಣೆಗೆ ಕರೆದರು. ಕ್ಲಬ್ಬಿನ ಡಾಕ್ಟರೂ ಇದ್ದರು.

"ನೋಡಪ್ಪಾ, ನಾನು ಇಷ್ಟು ವರ್ಷ ನಿನ್ನ ಕೈ ಬಿಟ್ಟಿದೀನಾ?" ಎಂದರು ಟೆಂಪೆಸ್ಟ್. "ಈ ಊರಲ್ಲಿ ನಿಮ್ಮ ಜಮೈಕಾದವರಲ್ಲಿ ಮೊದಲನೇವನಿಗೆ ತಂಡದ ಅಂಗಿ ಕೊಟ್ಟೋನು ನಾನು. ಕೊಡಬೇಡ ಅಂತ ಎಷ್ಟು ಜನ ಅಂದ್ರು ಗೊತ್ತಾ?"

"ಗೊತ್ತು ಸಾರ್."

"ಡಾಕ್ಟ್ರು ಬರೆದುಕೊಡ್ತಾರೆ. ನಿನ್ನ ಬಲಗಾಲಿನ ಮೀನಖಂಡ ಹಿಡ್ಕೊಂಡಿತ್ತು. ಏಳಕ್ಕೆ ಆಗ್ಲಿಲ್ಲ. ರೆಫರಿಗೆ ಅರ್ಥ ಆಗ್ಲಿಲ್ಲ. ಮುಗೀತು ಕಥೆ. ವಿಚಾರಣೆ ಮುಗಿದ ವಾರಾನೇ ಆಡ್ತಿರ್ತೀಯ."

ಡಾಕ್ಟರು ನನ್ನ ಕಾಲನ್ನು ನೋಡಲಿಲ್ಲ. ಕಾಗದವನ್ನು ಮೊದಲೇ ಟೈಪು ಮಾಡಿಸಿದ್ದರು.

ಆಯಿತು ಎಂದೆ. ಬೇಡ ಎನ್ನಲು ಕಾರಣ ಹೊಳೆಯಲಿಲ್ಲ. ಯಾಕೆ ಕೂತೆ ಎಂದು ನನಗೇ ಹೇಳಲು ಬರುವುದಿಲ್ಲ. ಮೀನಖಂಡವೇ ಇದ್ದರೂ ಇರಬಹುದು.

ಫೆಬ್ರವರಿ ೨೧, ಶನಿವಾರ

ಮನೆಯಲ್ಲಿದ್ದೆ. ಐದು ಗಂಟೆಗೆ ಅಪ್ಪ ರೇಡಿಯೊದಲ್ಲಿ ಪಂದ್ಯಗಳ ಫಲಿತಾಂಶ ಹಾಕಿದ. ನಮ್ಮ ಕ್ಲಬ್ಬಿನ ಹೆಸರು ಬರುವ ಮೊದಲೇ ಆರಿಸಿದ.

ಫೆಬ್ರವರಿ ೨೬, ಗುರುವಾರ

ಕೆನ್ ಮನೆಗೆ ಬಂದ. ಇಲ್ಲಿಗೆ ಬಂದದ್ದು ಇದೇ ಮೊದಲು. ನಮ್ಮ ಬೀದಿಯಲ್ಲಿ ಅವನ ಕಾರನ್ನು ಎಲ್ಲರೂ ನೋಡಿದರು. ಅಮ್ಮ ಅವನನ್ನು ಮುಂದಿನ ಕೋಣೆಯಲ್ಲಿ, ಪ್ಲಾಸ್ಟಿಕ್ ಹೊದಿಸಿದ ಸೋಫಾದ ಮೇಲೆ ಕೂರಿಸಿ ಉಪ್ಪುಮೀನಿನ ವಡೆ ಕೊಟ್ಟಳು. ಪಾಪ, ನಾಲ್ಕು ತಿಂದ. ಬೆವರುತ್ತಿದ್ದ. ಖಾರಕ್ಕೋ ಏನೋ.

"ನನ್ನನ್ನ ಸಾಕ್ಷಿಗೆ ಕರೆದಿದಾರೆ ಕಣೋ" ಅಂದ. "ನೀನು ಕಾಲು ಹಿಡ್ಕೊಂಡಿದ್ದನ್ನ ನೋಡ್ದೆ ಅಂತೀನಿ."

"ನೋಡಿದೆಯಾ?"

"ಲೋ ಮಾರಾಯ, ನಿನ್ನ ಎಬ್ಬಿಸಿದೋನು ನಾನು. ನಾನು ಹೇಳಿದ್ರೆ ನಂಬ್ತಾರೆ." ಬೆವರು ಒರೆಸಿಕೊಂಡು, "ನನಗೆ ಆಡಕ್ಕೆ ಇನ್ನೊಂದು ವರ್ಷ ಇದೆ ಅಷ್ಟೇ, ಲಾಸ್. ಯಾವುದೂ ರಾದ್ಧಾಂತ ಆಗ್ದೆ ಮುಗಿದ್ರೆ ಸಾಕು" ಅಂದ.

ಹೋಗುವಾಗ ಅಪ್ಪನಿಗೆ ಕೈ ಕೊಟ್ಟ. ಅಪ್ಪ ಎದ್ದು ನಿಂತು ಕೈ ಕುಲುಕಿದ. ಅಪ್ಪ ಇಪ್ಪತ್ತೆರಡು ವರ್ಷ ಎರಕದ ಕಾರ್ಖಾನೆಯಲ್ಲಿ ದುಡಿದವನು. ಯಾರು ಕೈ ಕೊಟ್ಟರೂ ಎದ್ದು ನಿಲ್ಲುತ್ತಾನೆ.

ಮಾರ್ಚ್ ೨, ಸೋಮವಾರ

ಗುರುತಿಲ್ಲದವರೊಬ್ಬರ ಫೋನು.

"ಲಾಸೆಲ್ಸ್ ಪಿನಾಕ್ ಅಲ್ವಾ? ನಾನು ಕತ್ಬರ್ಟ್ ಗೇಲ್. ಹೆಸರು ಕೇಳಿರಲ್ಲ ನೀನು. ಅರವತ್ತೊಂಬತ್ತರಲ್ಲಿ ದಕ್ಷಿಣದ ಕಡೆ ಆಡ್ತಿದ್ದೆ. ಈಗ ಬಸ್ ಓಡಿಸ್ತೀನಿ."

"ಹೇಳಿ ಅಣ್ಣ."

"ನಿನಗೆ ಏನಾಗಿತ್ತು ಅಂತ ಹೇಳಿಸ್ತಿದಾರೆ? ಮಂಡಿ ನೋವೋ, ತಲೆ ಸುತ್ತೋ?"

"ಮೀನಖಂಡ."

ಅವರು ನಕ್ಕರು. ಬಹಳ ಹೊತ್ತು ನಕ್ಕರು. "ನಂದು ಹೊಟ್ಟೆನೋವು, ತಮ್ಮಾ. ಅರ್ಧ ಆಟದಲ್ಲಿ ಹೊರಗೆ ಬಂದುಬಿಟ್ಟಿದ್ದೆ. ಬೆಳಿಗ್ಗೆ ಕೆಟ್ಟ ಮೀನು ತಿಂದಿದ್ದ ಅಂತ ಬರೆದುಕೊಟ್ರು. ನಾನು ಸಹಿ ಹಾಕ್ದೆ. ಹೆಂಡತಿ ಬಸುರಿ, ಏನು ಮಾಡ್ಲಿ? ನನ್ನ ಹಾಗೆ ಸಹಿ ಹಾಕ್ದೋರು ಇನ್ನೂ ನಾಲ್ಕು ಜನ ಗೊತ್ತು ನನಗೆ. ಸಂಘದ ದಫ್ತರದಲ್ಲಿ ನೋಡು ಬೇಕಾದ್ರೆ. ನಮಗೆಲ್ಲ ಬರೀ ಕಾಯಿಲೆ. ಈ ದೇಶದ ಮೈದಾನದಲ್ಲಿ ಯಾರೂ ನಮಗೆ ಏನೂ ಅಂದೇ ಇಲ್ಲ."

ಏನು ಮಾಡಬೇಕು ಎಂದು ಅವರು ಹೇಳಲಿಲ್ಲ. ನಾನೂ ಕೇಳಲಿಲ್ಲ. ಅಮ್ಮ ಹುಷಾರಾಗಿದ್ದಾಳಾ, ಜಮೈಕಾದಲ್ಲಿ ಯಾವ ಊರು, ಅಷ್ಟು ಮಾತಾಡಿ ಇಟ್ಟರು. ಆಮೇಲೆ ಟೀ ಮಾಡಿಕೊಂಡೆ. ಆರಿಹೋಯಿತು.

ಮಾರ್ಚ್ ೫, ಗುರುವಾರ

ಅಮ್ಮ ಅಪ್ಪನ ದೊಡ್ಡ ಕೋಟನ್ನು ಒಗೆಯಲು ಕೊಡುವುದಕ್ಕೆ ತೆಗೆದಳು. ಜೇಬಿಗೆ ಕೈಹಾಕಿದವಳು ಒಂದು ಹಿಡಿ ಕಡಲೆಕಾಯಿ ಸಿಪ್ಪೆ ತೆಗೆದು ಮೇಜಿನ ಮೇಲೆ ಸುರಿದಳು.

"ನೋಡು ಇವನ ಚಂದ! ಬಾಯಲ್ಲಿರೋದು ಕಟ್ಟಿಸಿದ ಹಲ್ಲು, ಬಾಳೆಹಣ್ಣೇ ಕಷ್ಟ. ಕಡಲೆಕಾಯಿ ಯಾವಾಗ ತಿಂದ?"

ಅಪ್ಪ ಮನೆಯಲ್ಲಿರಲಿಲ್ಲ. ನಾನು ಸಿಪ್ಪೆ ಬಳಿದು ಕಸದ ಬುಟ್ಟಿಗೆ ಹಾಕಿದೆ.

ಅಪ್ಪ ತಿಂದದ್ದಲ್ಲ. ನಾನು ನೋಡಿದ್ದೆ.

ಎಸೆಯಲು ಹೋದಾಗ ಅಪ್ಪ ನನ್ನಿಂದ ಹತ್ತು ಹೆಜ್ಜೆ ದೂರದಲ್ಲಿದ್ದ. ಮೂರನೇ ಸಾಲು. ಚರ್ಚಿಗೆ ಹಾಕುವ ಕೋಟು, ಟೈ. ಹಿಂದಿನವರಿಗೆ ಮರೆಯಾಗದಿರಲೆಂದು ಹ್ಯಾಟು ತೆಗೆದು ತೊಡೆಯ ಮೇಲೆ ಅಂಗಾತ ಇಟ್ಟುಕೊಂಡಿದ್ದ. ಅವನ ಹಿಂದೆ ಕೂತವನು ಕಡಲೆಕಾಯಿ ಸುಲಿಯುತ್ತಿದ್ದ. ಪಕ್ಕದಲ್ಲಿ ಅವನ ಹೆಂಡತಿ. ಅವನು ಕೈ ಮುಂದೆ ಚಾಚಿ ಅಪ್ಪನ ಭುಜದ ಮೇಲಿಂದ ಸಿಪ್ಪೆಗಳನ್ನು ಹ್ಯಾಟಿನೊಳಗೆ ಹಾಕಿದ. ಸುತ್ತಲಿನವರು ನಕ್ಕರು. ಹೆಂಡತಿಯೂ ನಕ್ಕಳು. ಅಪ್ಪ ತಿರುಗಲಿಲ್ಲ. ಒಂದೊಂದೇ ಸಿಪ್ಪೆ ಆರಿಸಿ ಕೋಟಿನ ಜೇಬಿಗೆ ಹಾಕಿಕೊಂಡ. ನೆಲಕ್ಕೆ ಹಾಕಲಿಲ್ಲ. ಆಮೇಲೆ ತಲೆ ಎತ್ತಿ ಮೈದಾನದ ಆ ಕಡೆ ನೋಡಿದ, ಅಲ್ಲಿ ಏನೋ ಆಟ ನಡೆಯುತ್ತಿದೆ ಅನ್ನುವ ಹಾಗೆ. ಚೆಂಡು ಇದ್ದದ್ದು ನನ್ನ ಕೈಯಲ್ಲಿ.

ಇಷ್ಟು ದಿನ ಇದನ್ನು ಬರೆಯಲಿಲ್ಲ ಏಕೆ ಎಂದು ಯೋಚಿಸಿದೆ. ಟೆಂಪೆಸ್ಟ್ ಕೇಳಿದ್ದು ಪಂದ್ಯದಲ್ಲಿ ನಡೆದದ್ದು. ಇದು ಪಂದ್ಯದಲ್ಲಿ ನಡೆದದ್ದಲ್ಲ, ಹೊರಗೆ ನಡೆದದ್ದು. ಅದಕ್ಕೇ ಇರಬೇಕು.

ಸಂಜೆ ಕಸದ ಬುಟ್ಟಿಯನ್ನು ನಾನೇ ಹೊರಗೆ ಖಾಲಿ ಮಾಡಿದೆ.

ಮಾರ್ಚ್ ೯, ಸೋಮವಾರ

ನಾಳೆಗೆ ಅಮ್ಮ ಅಂಗಿ ಇಸ್ತ್ರಿ ಮಾಡಿದಳು. "ಸತ್ಯ ಹೇಳು ಮಗನೇ" ಎಂದಳು. ಅಪ್ಪ, "ಸುಮ್ಮನಿರು ಮಾರಾಯ್ತಿ. ದೊಡ್ಡೋರು ಏನು ಹೇಳಿಕೊಟ್ಟಿದಾರೋ ಅದು ಹೇಳಿ ಬರ್ಲಿ. ಕೆಲಸ ಉಳೀಲಿ" ಎಂದ.

ಇಬ್ಬರಿಗೂ ಹೂಂ ಅಂದೆ.

ಮಾರ್ಚ್ ೧೦, ಮಂಗಳವಾರ

ಟೆಂಪೆಸ್ಟ್, ಕೆನ್, ನಾನು ಬೆಳಗಿನ ರೈಲಿನಲ್ಲಿ ಲಂಡನ್ನಿಗೆ ಹೋದೆವು. ಉದ್ದನೆ ಮೇಜಿನ ಆಚೆ ಮೂವರು ಮುದುಕರು. ತುದಿಯಲ್ಲಿ ಮಾತು ಬರೆದುಕೊಳ್ಳಲು ಒಬ್ಬ ಹೆಂಗಸು, ಅಮ್ಮನ ವಯಸ್ಸು.

ಡಾಕ್ಟರ ಕಾಗದ ಓದಿದರು. ಕೆನ್‌ನನ್ನು ಕೇಳಿದರು. "ಕಾಲು ಹಿಡ್ಕೊಂಡಿದ್ದ ಸಾರ್, ಬಲಗಾಲು" ಎಂದ ಕೆನ್. ಮೇಜನ್ನು ನೋಡಿಕೊಂಡೇ ಹೇಳಿದ.

ಅಧ್ಯಕ್ಷರು ಒಳ್ಳೆಯವರ ಹಾಗೆ ಕಂಡರು. ಕನ್ನಡಕ ತೆಗೆದು, "ಹಾಗಾದ್ರೆ ಸ್ನಾಯು ಸೆಳೆತ. ನಾವೂ ಆಡಿದೋರೇ, ಅನುಭವಿಸಿದೀವಿ. ಅಷ್ಟೇ ತಾನೇ ಪಿನಾಕ್?" ಎಂದರು. ಹೂಂ ಅಂದಿದ್ದರೆ ಮಧ್ಯಾಹ್ನದ ರೈಲು ಸಿಗುತ್ತಿತ್ತು.

"ಇಲ್ಲ ಸಾರ್" ಎಂದೆ.

ಹೇಳಬೇಕೆಂದು ನಿರ್ಧರಿಸಿಕೊಂಡು ಹೋಗಿದ್ದೆ ಅಂತ ಬರೆದರೆ ಸುಳ್ಳಾಗುತ್ತದೆ. ಹೂಂ ಅನ್ನಲು ಬಾಯಿ ತೆರೆದೆ, ಇಲ್ಲ ಅಂತ ಬಂತು. ಮೇಜಿನ ಕೆಳಗೆ ಟೆಂಪೆಸ್ಟ್ ನನ್ನ ಕಾಲು ತುಳಿದರು.

"ಮತ್ತೇನು?"

"ಕೂಗ್ತಿದ್ರು ಸಾರ್."

"ಫುಟ್‌ಬಾಲ್ ಮೈದಾನದಲ್ಲಿ ಕೂಗದೆ ಪ್ರಾರ್ಥನೆ ಮಾಡ್ತಾರೇನಪ್ಪಾ?" ಪಕ್ಕದ ಇಬ್ಬರೂ ಮುಗುಳ್ನಕ್ಕರು. "ಏನಂತ ಕೂಗಿದ್ರು?"

ಹೇಳಿದೆ. ಐದು ವರ್ಷದಿಂದ ಪ್ರತಿ ಶನಿವಾರ ಕೇಳಿದ ಮಾತು, ಒಂದು ಸಲವೂ ನನ್ನ ಬಾಯಿಂದ ಆಡಿರಲಿಲ್ಲ. ಕೋಣೆಯಲ್ಲಿ ಅದು ಬೇರೆ ಥರ ಕೇಳಿಸಿತು. ಬರೆದುಕೊಳ್ಳುತ್ತಿದ್ದ ಹೆಂಗಸಿನ ಪೆನ್ಸಿಲ್ ನಿಂತಿತು. "ಇದನ್ನ ಬರಕೊಳ್ಳೋದಾ ಸಾರ್?" ಎಂದು ಅಧ್ಯಕ್ಷರನ್ನು ಕೇಳಿದಳು.

"'ಅಸಭ್ಯ ಮಾತು' ಅಂತ ಹಾಕಿಬಿಡಿ."

"ಸಾರ್, ನಾನು ಹೇಳಿದ ಹಾಗೇ ಬರೀಲಿ" ಎಂದೆ. "ನಿಧಾನವಾಗಿ ಹೇಳ್ತೀನಿ."

ಯಾರೂ ಬೇಡ ಎನ್ನಲಿಲ್ಲ. ಹೇಳಿದೆ. ಕರಿ ಕೋತಿ. ಮರ ಹತ್ತು. ನಿಮ್ಮವ್ವನ್ನ ಯಾವ ಕಾಡಿಂದ ಹಿಡಿದು ತಂದ್ರು. ಇನ್ನೂ ಇದ್ದವು. ಎಲ್ಲವನ್ನೂ ಹೇಳಿದೆ, ಶಾಲೆಯಲ್ಲಿ ಉಕ್ತಲೇಖನ ಕೊಟ್ಟ ಹಾಗೆ, ಅವಳು ಬರೆದು ತಲೆ ಎತ್ತುವವರೆಗೆ ಕಾದು ಮುಂದಿನದು. ಒಂದು ಪದಕ್ಕೆ ಕಾಗುಣಿತ ಕೇಳಿದಳು. ಹೇಳಿದೆ. ಅವಳ ಕುತ್ತಿಗೆ ಕೆಂಪಾಗಿತ್ತು.

ಅಪ್ಪನ ಹ್ಯಾಟಿನ ವಿಷಯ ಹೇಳಲಿಲ್ಲ. ಅದು ಅಪ್ಪನದು.

ಅಧ್ಯಕ್ಷರು ಕೆನ್ ಕಡೆ ತಿರುಗಿ, "ನೀವು ಇದನ್ನೆಲ್ಲ ಕೇಳಿದಿರಾ ಹ್ಯಾರಪ್?" ಎಂದರು. ಕೆನ್ ಮತ್ತೆ ಮೇಜನ್ನೇ ನೋಡಿದ. "ಗಮನ ಆಟದ ಮೇಲಿರುತ್ತೆ ಸಾರ್" ಎಂದ.

ಎಂಟು ಪಂದ್ಯ ನಿಷೇಧ. ದಂಡ ಬೇರೆ.

ರೈಲಿನಲ್ಲಿ ಟೆಂಪೆಸ್ಟ್ ಬೇರೆ ಡಬ್ಬಿಯಲ್ಲಿ ಕೂತರು. ಕೆನ್ ನನ್ನ ಎದುರಿಗೆ ಕೂತ. ಆಮೇಲೆ ತಾನಾಗಿಯೇ ಶುರು ಮಾಡಿದ.

"ಗೋಲಿನ ಮುಂದೆ ನಿಲ್ಲೋನಿಗೆ ಬೆನ್ನ ಹಿಂದೆ ಜನ ಕಣೋ. ಹದಿನೈದು ವರ್ಷ ನಿಂತಿದೀನಿ. ನಿನಗಿಂತ ಚೆನ್ನಾಗಿ ನನಗೆ ಕೇಳಿಸುತ್ತೆ. ಯಾವ ದನಿ ಯಾರದು ಅಂತಾನೂ ಗೊತ್ತು. ಅದರಲ್ಲಿ ಒಂದು ನನ್ನ ಭಾಮೈದಂದು."

ಗೊತ್ತು ಎಂದೆ. ನನಗೆ ಗೊತ್ತಿರಲಿಲ್ಲ. ಏಕೆ ಹಾಗೆಂದೆನೋ. ಅವನು ಕಿಟಕಿಯ ಕಡೆ ತಿರುಗಿಕೊಂಡ. ಮುಖಕ್ಕೆ ಒಂದು ಬಾರಿಸಬೇಕು ಅನ್ನಿಸಿತು. ಒಂದು ಕ್ಷಣ ಅಷ್ಟೇ, ಹೋಯಿತು. ರೈಲಿನ ಸ್ಯಾಂಡ್‌ವಿಚ್ ಒಣಗಿತ್ತು.

ಮಾರ್ಚ್ ೧೧, ಬುಧವಾರ

ಪೇಪರಿನಲ್ಲಿ ಬಂದಿದೆ. ಆ ಮಾತುಗಳ ಜಾಗದಲ್ಲಿ ಚುಕ್ಕಿಗಳನ್ನು ಹಾಕಿದ್ದಾರೆ.

ಅಪ್ಪ ಎರಡು ಸಲ ಓದಿದ. ಕನ್ನಡಕ ಮಡಿಸಿದ. ಅಮ್ಮ ಆಸ್ಪತ್ರೆಯ ಬಟ್ಟೆ ಒಗೆಯುವ ಕೆಲಸಕ್ಕೆ ಹೋಗಿದ್ದಳು.

"ಆ ದಿವಸ ನೀನು ಈ ಕಡೆ ನೋಡಿದೆಯಾ?" ಎಂದ.

"ಯಾವ ಕಡೆ?"

"ನಾನಿದ್ದ ಕಡೆ."

"ನೋಡ್ದೆ."

ಅಪ್ಪ ಪೇಪರಿನ ಮೂಲೆಯನ್ನು ಉಗುರಿನಿಂದ ನೇರ ಮಾಡುತ್ತಾ ಕೂತ. "ನೀನು ನೋಡಲಿಲ್ಲ ಅಂದ್ಕೊಂಡಿದ್ದೆ. ನೋಡದೇ ಇರ್ಲಿ ಅಂತಾನೇ ಸುಮ್ಮನೆ ಕೂತಿದ್ದೆ ನಾನು. ಎದ್ದು ಒಂದು ಮಾತು ಅಂದಿದ್ರೆ ನೀನು ತಿರುಗಿ ನೋಡ್ತಿದ್ದೆ. ನಿನ್ನ ಆಟ ಕೆಡ್ತಿತ್ತು."

ನಾನು ಅವನ ಕನ್ನಡಕವನ್ನು ಡಬ್ಬಿಗೆ ಹಾಕಿಟ್ಟೆ.

"ನಿಮ್ಮಮ್ಮನಿಗೆ ಹೇಳಬೇಡ" ಎಂದ. "ಹೇಳಿದಿಯಾ?"

"ಇಲ್ಲಪ್ಪಾ."

"ಆ ದೊಡ್ಡೋರಿಗೆ?"

"ಇಲ್ಲ."

ತಲೆ ಆಡಿಸಿದ. ಎದ್ದು ಹೋಗಿ ಒಲೆ ಹಚ್ಚಿ, ಇಬ್ಬರಿಗೂ ಮೊಟ್ಟೆ ಹುರಿದ. ಅಪ್ಪ ಒಲೆಯ ಹತ್ತಿರ ಹೋದದ್ದನ್ನು ನಾನು ನೋಡಿರಲೇ ಇಲ್ಲ. ತಳ ಸೀದಿತ್ತು. ಚೆನ್ನಾಗಿತ್ತು. ಎರಡನೇ ಸಲ ಹಾಕಿಸಿಕೊಂಡೆ.

ಮಾರ್ಚ್ ೨೮, ಶನಿವಾರ

ಆಡುವ ಹಾಗಿಲ್ಲ. ಕಾಗದಗಳು ಬರುತ್ತಿವೆ. ಕೆಲವು ಒಳ್ಳೆಯವು. ಒಂದರೊಳಗೆ ಹೊಲಸು ಮೆತ್ತಿದ ಬಟ್ಟೆಚೂರು ಇತ್ತು. ಮೊದಲಾಗಿದ್ದರೆ ಎಸೆದು ಕೈ ತೊಳೆಯುತ್ತಿದ್ದೆ. ಇವತ್ತು ಹಿತ್ತಿಲಿಗೆ ಒಯ್ದು ಸುಟ್ಟೆ. ಬಾಯಿಗೆ ಬಂದದ್ದೆಲ್ಲ ಬೈದೆನಂತೆ. ಪಕ್ಕದ ಮನೆಯವರು ಅಮ್ಮನಿಗೆ ದೂರು ಹೇಳಿದರು.

ನಿದ್ದೆ ಕೆಡುತ್ತಿದೆ. ಮೊದಲು ಹೀಗಿರಲಿಲ್ಲ, ಕಲ್ಲಿನಂತೆ ಮಲಗುತ್ತಿದ್ದೆ. ಈ ವಿಚಾರಣೆಯಿಂದ ಆರೋಗ್ಯ ಹಾಳಾಗಿದೆ.

ಏಪ್ರಿಲ್ ೮, ಬುಧವಾರ

ಕತ್ಬರ್ಟಣ್ಣ ಫೋನ್ ಮಾಡಿದರು. ಸಂಘದ ದಫ್ತರದಿಂದ ವಿಚಾರಣೆಯ ನಕಲು ತರಿಸಿಕೊಂಡಿದ್ದಾರೆ.

"ಇದೆ ತಮ್ಮಾ! ಒಂದಕ್ಷರ ಬಿಟ್ಟಿಲ್ಲ ಆ ಹೆಂಗಸು. ಹೊಟ್ಟೆನೋವು, ಮಂಡಿನೋವು, ತಲೆಸುತ್ತು, ಎಲ್ಲದರ ಮಧ್ಯೆ ಒಂದು ಪುಟ ನಿಜ ಇದೆ. ಮಿಡ್‌ಲ್ಯಾಂಡ್ಸ್ ಕಡೆ ಇಬ್ಬರು ಹುಡುಗರು ವಕೀಲನ್ನ ಹಿಡಿದಿದಾರೆ, ಇದನ್ನೇ ತೋರಿಸಿ ದೂರು ಕೊಡ್ತಾರಂತೆ. ಹೀಗೆ ಹಿಂದೆ ಎಂದೂ ಆಗಿಲ್ಲ ಅಂತ ಸಂಘದವರು ಇನ್ನು ಹೇಳೋ ಹಾಗಿಲ್ಲ."

ಆಮೇಲೆ ಫೋನು ಹಿಡಿದುಕೊಂಡು ಅವರು ಅಳುವುದನ್ನು ಕೇಳಿದೆ. ಬಸ್ ಓಡಿಸುವ ದೊಡ್ಡ ಮನುಷ್ಯ. ಅವರು ಮುಗಿಸುವವರೆಗೆ ಫೋನಿಡಲಿಲ್ಲ.

ಏಪ್ರಿಲ್ ೨೨, ಬುಧವಾರ

ಟೆಂಪೆಸ್ಟ್ ಕರೆದಿದ್ದರು. ಮುಂದಿನ ವರ್ಷಕ್ಕೆ ಕ್ಲಬ್ಬು ನನ್ನನ್ನು ಉಳಿಸಿಕೊಳ್ಳುವುದಿಲ್ಲ. ಕರಾವಳಿಯ ಒಂದು ಸಣ್ಣ ಕ್ಲಬ್ಬು, ನಾಲ್ಕನೇ ದರ್ಜೆಯದು, ಕೇಳಿದೆಯಂತೆ.

"ಆ ಹೂಂ ಒಂದನ್ನ ಅಂದಿದ್ರೆ ಆಗ್ತಿತ್ತಲ್ಲ ಲಾಸ್" ಎಂದರು.

"ನೀವು ನನಗೆ ಅಂಗಿ ಕೊಟ್ಟಿದ್ದು ದೊಡ್ಡದು ಸಾರ್, ಮರೆಯಲ್ಲ. ಆದ್ರೆ ನೀವು ಪ್ರತಿ ಶನಿವಾರ ಅಲ್ಲೇ ಬೆಂಚಿನ ಮೇಲಿರ್ತಿದ್ರಿ. ನಿಮಗೆ ಕಿವಿ ಇರ್ಲಿಲ್ವಾ?" ಎಂದೆ. ಅವರ ಮುಂದೆ ಹಾಗೆ ಮಾತಾಡಿದವನಲ್ಲ ನಾನು. ಸರಿಯಾಗಲಿಲ್ಲವೇನೋ.

ಹೊರಗೆ ಕೆನ್ ಸಿಕ್ಕ. ಸಂಘಕ್ಕೆ ತಾನೂ ಒಂದು ಕಾಗದ ಬರೆದನಂತೆ, ಮೊದಲು ಹೇಳಿದ್ದು ಸುಳ್ಳು, ಎಲ್ಲ ಕೇಳಿಸಿತ್ತು ಎಂದು. ಭಾಮೈದ ಈಗ ಅವನ ಮನೆಗೆ ಬರುವುದಿಲ್ಲ. ಹೆಂಡತಿ ಮಾತಾಡುವುದಿಲ್ಲ. "ಆರು ವಾರ ತಡ ಆಯ್ತು" ಅಂದ. ಆಯಿತು ಎಂದೆ. ಕ್ಷಮಿಸಿದ್ದೇನೆ ಎಂದು ಹೇಳಲಿಲ್ಲ. ಕ್ಷಮಿಸಿಲ್ಲ. ಆದರೂ ಅವನ ಕಾರಿನಲ್ಲೇ ಮನೆಗೆ ಬಂದೆ.

ಮೇ ೨, ಶನಿವಾರ

ಋತುವಿನ ಕೊನೆಯ ಪಂದ್ಯ. ನಿಷೇಧ ಮುಗಿದಿತ್ತು. ಬದಲಿ ಆಟಗಾರನಾಗಿ ಬೆಂಚಿನ ಮೇಲೆ ಕೂರಿಸಿದ್ದರು.

ಬೆಳಿಗ್ಗೆ ಅಪ್ಪ ಕೋಟು ಹಾಕಿಕೊಂಡು ನಿಂತಿದ್ದ. ಬರಬೇಡ ಎಂದೆ. ದನಿ ಜೋರಾಯಿತು. "ನಿನಗೋಸ್ಕರ ಬರ್ತಿಲ್ಲಯ್ಯಾ" ಅಂದ ಅಪ್ಪ. "ನಾನೇ ಸಾಲಿನಲ್ಲಿ ನಿಂತು ಟಿಕೆಟ್ ತಗೊಂಡಿದೀನಿ. ಫುಟ್‌ಬಾಲ್ ನೋಡಕ್ಕೆ ಬರ್ತಿದೀನಿ. ನಿನ್ನ ಅಪ್ಪಣೆ ಬೇಕಾ?"

ಹನ್ನೆರಡು ನಿಮಿಷ ಉಳಿದಿರುವಾಗ ಒಳಗೆ ಕಳಿಸಿದರು. ನಾವು ಒಂದು ಗೋಲು ಹಿಂದೆ. ಕೂಗು ಶುರುವಾಯಿತು, ಅದೇ ಮಾತುಗಳು. ಯಾಕೋ ಈಗೀಗ ಒಂದೊಂದೂ ಬಿಡಿಬಿಡಿಯಾಗಿ ಕೇಳಿಸುತ್ತದೆ, ಕೇಳಿಸಿದ್ದು ನೋಯುತ್ತದೆ. ವಯಸ್ಸಾಗುತ್ತಿದೆ. ನಡುವೆ ಅಲ್ಲಲ್ಲಿ ಚಪ್ಪಾಳೆಯೂ ಇತ್ತು. ಒಂದು ಕಡೆಯಿಂದ ಯಾರೋ "ಬಾಯಿ ಮುಚ್ರೋ" ಎಂದು ಕೂಗಿದ್ದೂ ಕೇಳಿಸಿತು.

ಎಂಬತ್ತೆಂಟನೇ ನಿಮಿಷ. ಎಡಬದಿಯಲ್ಲಿ ಒಬ್ಬನನ್ನು ದಾಟಿ ಮುಂದೆ ಹೋದೆ. ಖಾಲಿ ಜಾಗ. ಗೋಲಿನ ಮುಂದೆ ನಮ್ಮವರಿಬ್ಬರು ಕೈ ಎತ್ತಿ ನಿಂತಿದ್ದರು. ನಾನು ಬಲಗಾಲಿನವನು, ಚೆಂಡನ್ನು ಬಲಗಾಲಿಗೆ ತೆಗೆದುಕೊಳ್ಳಲು ಒಂದು ಕ್ಷಣ ತಡೆದೆ. ಅಷ್ಟರಲ್ಲಿ ಒಬ್ಬ ಅಡ್ಡ ಬಂದ. ಒದ್ದದ್ದು ಗೋಲಿನ ಹಿಂದಕ್ಕೆ ಹೋಯಿತು. ಇಡೀ ಮೈದಾನ ಒಟ್ಟಿಗೆ "ಅಯ್ಯೋ" ಎಂದಿತು. ಸೋತೆವು.

ಬಟ್ಟೆ ಬದಲಿಸಿ ಬಂದರೆ ಅಪ್ಪ ಬಸ್ ಸ್ಟಾಪಿನಲ್ಲಿ ನಿಂತಿದ್ದ. ನಮಸ್ಕಾರ ಇಲ್ಲ, ಏನಿಲ್ಲ.

"ಎಡಗಾಲಲ್ಲಿ ಒದೀಬೇಕಿತ್ತು" ಅಂದ.

"ಎಡಗಾಲಲ್ಲಿ ಅಷ್ಟು ದೂರ ಹೋಗಲ್ಲಪ್ಪಾ."

"ಹೋಗದೆ ಏನು? ಕಾಲಲ್ವಾ ಅದು? ಇಬ್ಬರು ಕೈ ಎತ್ಕೊಂಡು ನಿಂತಿದಾರೆ, ಇವನು ಅಲ್ಲಿ ಡ್ಯಾನ್ಸ್ ಮಾಡ್ತಿದಾನೆ!"

"ನಿನಗೇನು ಗೊತ್ತು? ಜನ್ಮದಲ್ಲಿ ಎರಡು ಪಂದ್ಯ ನೋಡಿದೀಯ!"

"ಕಣ್ಣಿರೋನಿಗೆ ಎರಡು ಸಾಕು!"

ಬಸ್ಸಿನಲ್ಲೂ ನಿಲ್ಲಲಿಲ್ಲ. ನಾನು ಎದ್ದು ನಿಂತು, ಸೀಟುಗಳ ನಡುವೆ ಕಾಲಿಟ್ಟು ತೋರಿಸಿದೆ. ಇಲ್ಲಿ ಅವನಿದ್ದ, ಇಲ್ಲಿ ನಾನು, ಹೇಗೆ ಎಡಗಾಲಲ್ಲಿ ಒದೆಯುವುದು? ಅಪ್ಪ ತನ್ನ ಕೊಡೆಯಲ್ಲಿ ನನ್ನ ಎಡಗಾಲನ್ನು ತಿವಿದು, "ಇದನ್ನ ಇಲ್ಲಿಡು, ಇಲ್ಲಿ!" ಎಂದ. ಮುಂದಿನ ಸೀಟಿನಲ್ಲಿ ಕ್ಲಬ್ಬಿನ ಮಫ್ಲರ್ ಸುತ್ತಿಕೊಂಡ ಬಿಳಿಯ ಮುದುಕನೊಬ್ಬ ಕೂತಿದ್ದ. ಅವನೂ ಮೈದಾನದಿಂದಲೇ ಬಂದಿರಬೇಕು. ಅವನು ಅಲ್ಲಿ ಏನು ಕೂಗಿದ್ದನೋ, ಕೂಗಿರಲಿಲ್ಲವೋ ಗೊತ್ತಿಲ್ಲ. ತಿರುಗಿ ನಮ್ಮಿಬ್ಬರನ್ನೂ ನೋಡಿದ.

"ನಿಮ್ಮಪ್ಪ ಹೇಳೋದು ಸರಿ ಕಣಯ್ಯಾ" ಅಂದ. "ಎಡಗಾಲೇ."

"ನೀವು ಸುಮ್ಮನಿರಿ ಸ್ವಾಮಿ!" ಎಂದು ಅಪ್ಪನೂ ನಾನೂ ಒಟ್ಟಿಗೆ ಗದರಿದೆವು.

ಮನೆ ಸೇರಿದಾಗ ಅಮ್ಮ ಬಾಗಿಲಲ್ಲಿ ನಿಂತಿದ್ದಳು. "ಬೀದಿ ತುದಿಯಿಂದ ಕೇಳಿಸ್ತಿದೆ ನಿಮ್ಮ ಗಲಾಟೆ! ಏನಾಯ್ತು, ಯಾರೇನಂದ್ರು?"

"ಯಾರೂ ಏನೂ ಅಂದಿಲ್ಲ. ನಿನ್ನ ಮಗನಿಗೆ ಎಡಗಾಲೇ ಇಲ್ಲ" ಎಂದ ಅಪ್ಪ.

ಕೂಗಿ ಕೂಗಿ ಗಂಟಲು ಕಟ್ಟಿದೆ. ಅಪ್ಪನ ಮೇಲೆ ಸಿಟ್ಟು ಇಳಿದಿಲ್ಲ. ಫುಟ್‌ಬಾಲಿನ ಗಂಧಗಾಳಿ ಇಲ್ಲದವನು. ನಾಳೆ ಚರ್ಚು ಮುಗಿದ ಮೇಲೆ ಪಾರ್ಕಿನ ಗೋಡೆಗೆ ಎಡಗಾಲಲ್ಲಿ ನೂರು ಸಲ ಒದೆಯಬೇಕು. ಕರಾವಳಿಯ ಕ್ಲಬ್ಬಿನಲ್ಲಿ ಬೇಕಾಗುತ್ತದೆ. ಅಪ್ಪನಿಗೆ ಹೇಳುವುದಿಲ್ಲ.